ಹಳದಿ ಬಲ್ಬಿನ ವಕಾಲತ್ತು

ಜೀವಮಾನವಿಡೀ ಜಡ್ಜ್ ಆಗಿದ್ದವರು ಮುಪ್ಪಿನಲ್ಲಿ ವಕೀಲಿಕೆಗೆ ಇಳಿದರೆ ಹೇಗಿರುತ್ತದೆ ಎಂದು ತಿಳಿಯಬೇಕಾದರೆ ಬಣ್ಣದಕ್ಕನ ಗಂಡನನ್ನು ನೋಡಬೇಕು. ಅವರೇನೂ ನಿಜವಾದ ಜಡ್ಜ್ ಅಲ್ಲ, ಸಿನಿಮಾದ ಜಡ್ಜ್. ಯಾವ ಚಿತ್ರವೇ ಆಗಲಿ, ಕೊನೆಯಲ್ಲಿ ಕೋರ್ಟು ಬಂತೆಂದರೆ ಆ ಎತ್ತರದ ಕುರ್ಚಿಯಲ್ಲಿ ಇವರೇ. ನಾಯಕ ಗಂಟಲು ಹರಿದುಕೊಳ್ಳುತ್ತಿದ್ದ, ನಾಯಕಿ ಕಟಕಟೆ ಹಿಡಿದು ಅಳುತ್ತಿದ್ದಳು, ಖಳನಾಯಕ ಹಣೆಯ ಬೆವರು ಒರೆಸಿಕೊಳ್ಳುತ್ತಿದ್ದ. ಇವರು ಮರದ ಸುತ್ತಿಗೆ ಕುಟ್ಟಿ "ಆರ್ಡರ್, ಆರ್ಡರ್" ಎಂದು, ಕನ್ನಡಕ ಸರಿಮಾಡಿಕೊಂಡು ತೀರ್ಪು ಓದಿದರೆ ಮುಗಿಯಿತು, ಆ ದಿನದ ಕೆಲಸ ಆದಂತೆ. ಅಷ್ಟು ವರ್ಷಗಳಲ್ಲಿ ಒಮ್ಮೆಯೂ ಅವರು ಆ ಕುರ್ಚಿಯಿಂದ ಎದ್ದದ್ದಿಲ್ಲ. "ನಿಮಗೆ ಕಾಲಿದೆ ಅಂತ ಜನಕ್ಕೆ ಗೊತ್ತೇ ಇಲ್ಲ ಕಣ್ರೀ" ಎಂದು ಬಣ್ಣದಕ್ಕ ರೇಗಿಸುತ್ತಿದ್ದಳು.

ಬೀದಿಗೆಲ್ಲ ಅವರು ಜಡ್ಜ್. ತರಕಾರಿಯವನು ದೂರದಿಂದಲೇ ಕೈಮುಗಿದು "ಮಹಾಸ್ವಾಮಿ, ಬದನೆಕಾಯಿ ನಿಮ್ಮ ತೀರ್ಪಿಗೇ ಕಾಯ್ತಾ ಇದೆ" ಎನ್ನುತ್ತಿದ್ದ. ಜಡ್ಜ್ ಕೂಡ ಬಿಗುಮಾನ ಬಿಡದೆ ಒಂದೊಂದೇ ಬದನೆಕಾಯಿ ಎತ್ತಿ, ತಿರುಗಿಸಿ ನೋಡಿ, ಹುಳುಕಿದ್ದನ್ನು ಪಕ್ಕಕ್ಕಿಟ್ಟು ಶಿಕ್ಷೆ ವಿಧಿಸುತ್ತಿದ್ದರು. ಒಳ್ಳೆಯ ಮನುಷ್ಯ. ಆದರೆ ನಿಮ್ಮದೇ ಮಾತಿನಲ್ಲಿ ಹೇಳಿ ಎಂದರೆ ತಡವರಿಸುವವರು. ಯಾರಾದರೂ ಬರೆದುಕೊಟ್ಟ ಮಾತಾದರೆ ಸಿಂಹ, ಸ್ವಂತ ಮಾತಾದರೆ ನಾಲಿಗೆಗೆ ಗಂಟು ಬೀಳುತ್ತಿತ್ತು.

ಬಣ್ಣದಕ್ಕನೂ ಅದೇ ಸಿನಿಮಾದವಳೇ. ಮೇಕಪ್ ಅವಳ ಕಸುಬು. ಮದುವೆಗೆ ಮುಂಚಿನಿಂದಲೂ ಗಂಡನ ಮುಖಕ್ಕೆ ಬಣ್ಣ ಹಚ್ಚಿದವಳು, ಕಪ್ಪು ಕೂದಲಿದ್ದ ಕಾಲದಲ್ಲೇ ಅವರ ತಲೆಗೆ ನರೆ ಬಳಿದವಳು. ಹಾಗಾಗಿ ಆ ಮುಖ ಯಾವ ವಯಸ್ಸಿನಲ್ಲಿ ಹೇಗೆ ಕಾಣುತ್ತದೆ ಎಂಬುದು ಅವರಿಗಿಂತ ಮೊದಲು ಅವಳಿಗೇ ಗೊತ್ತಿತ್ತು. ಆ ಕಸುಬಿನಲ್ಲಿ ಅವಳದು ಎತ್ತಿದ ಕೈ. ಯಾವ ನಾಯಕನ ಗಲ್ಲದಲ್ಲಿ ಸಿಡುಬಿನ ಗುಳಿಯಿದೆ, ಯಾವ ನಾಯಕಿ ಬೆಳಿಗ್ಗೆ ಕೆನ್ನೆಯ ಮೇಲೆ ಐದು ಬೆರಳಿನ ಗುರುತು ಹೊತ್ತು ಬಂದಳು, ಎಲ್ಲವೂ ಅವಳಿಗೆ ಗೊತ್ತು. ಎಲ್ಲವನ್ನೂ ಮುಚ್ಚಿದಳು. ಒಬ್ಬರ ವಿಷಯ ಇನ್ನೊಬ್ಬರ ಕಿವಿಗೆ ಹಾಕಿದವಳಲ್ಲ.

ಕೆಲವು ವರ್ಷಗಳ ಹಿಂದೆ ಅವಳಿಗೊಂದು ಜ್ವರ ಬಂತು. ಜ್ವರವೇನೋ ಹೋಯಿತು, ಹೋಗುವಾಗ ಸುಮ್ಮನೆ ಹೋಗಲಿಲ್ಲ. ಆಮೇಲಿನಿಂದ ಅವಳಿಗೆ ಬಿಸಿಲೂ ಆಗಲಿಲ್ಲ, ಈಗಿನ ಬಿಳಿ ದೀಪಗಳೂ ಆಗಲಿಲ್ಲ. ಅವುಗಳ ಕೆಳಗೆ ಸ್ವಲ್ಪ ಹೊತ್ತು ನಿಂತರೆ ಸಾಕು, ಮುಖ ಸುಟ್ಟ ಹಾಗೆ ಉರಿಯುತ್ತಿತ್ತು, ಕೆಂಪು ದದ್ದು ಏಳುತ್ತಿತ್ತು, ಆಮೇಲೆ ಹಾಸಿಗೆ ಹಿಡಿಯಬೇಕಾಗುತ್ತಿತ್ತು. ಡಾಕ್ಟರು ಮಾರುದ್ದದ ಹೆಸರು ಹೇಳಿ, ಇದು ವಾಸಿಯಾಗುವಂಥದ್ದಲ್ಲ, ಸಂಭಾಳಿಸಿಕೊಂಡು ಹೋಗಬೇಕಮ್ಮ ಎಂದರು. ಸ್ಟುಡಿಯೋಗಳಲ್ಲೆಲ್ಲ ಆಗ ಬಿಳಿ ದೀಪಗಳು ಬಂದಿದ್ದವು, ಅವಳ ಕಸುಬು ಅಲ್ಲಿಗೆ ನಿಂತುಹೋಯಿತು. ಹಳೆಯ ಕಾಲದ ಬುರುಡೆ ಬಲ್ಬು ಇರುತ್ತದಲ್ಲ, ಗಾಜಿನೊಳಗೆ ತಂತಿ ಕಾದು ಹಳದಿ ಬೆಳಕು ಕೊಡುವಂಥದ್ದು, ಅದೊಂದು ಮಾತ್ರ ಅವಳ ಮೈಗೆ ಒಗ್ಗಿತು. ಅವರ ಮನೆಯಲ್ಲಿ ಅಡುಗೆಮನೆಯಿಂದ ಬಚ್ಚಲಿನವರೆಗೆ ಅದೇ ಬಲ್ಬು.

ಮನೆ ನಾಲ್ಕನೇ ಮಹಡಿಯಲ್ಲಿ. ಹಳೆಯ ಕಟ್ಟಡ, ಲಿಫ್ಟ್ ಇಲ್ಲ. ಮೆಟ್ಟಿಲ ಓಣಿಗೆ ಒಂದು ಕಿಟಕಿಯನ್ನಾದರೂ ಇಡಬಾರದಿತ್ತೇ? ಕಟ್ಟಿದ ಪುಣ್ಯಾತ್ಮನಿಗೆ ತೋಚಲಿಲ್ಲ. ಆದ್ದರಿಂದ ಅಲ್ಲಿ ಹಗಲೂ ರಾತ್ರಿ ದೀಪ ಉರಿಯುತ್ತಿತ್ತು. ಆ ದೀಪಗಳು ಬುರುಡೆ ಬಲ್ಬುಗಳೇ ಆಗಿದ್ದದ್ದು ಬಣ್ಣದಕ್ಕನ ಅದೃಷ್ಟ. ಬಿಸಿಲು ಪೂರ್ತಿ ಆರಿದ ಮೇಲೆ ಗಂಡಹೆಂಡತಿ ಇಬ್ಬರೂ ಮೆಟ್ಟಿಲಿಳಿದು, ಹಿಂದಿನ ಬಾಗಿಲಿನಿಂದ ಹೊರಬಿದ್ದು, ಕಾಲುವೆಯ ದಂಡೆಯ ಮೇಲೆ ನಡೆದು ಬರುತ್ತಿದ್ದರು. ದಂಡೆಯ ಮೇಲೆ ಮರಗಳಷ್ಟೇ, ದೀಪಗಳಿಲ್ಲ. ದಿನಕ್ಕೆ ಅದೊಂದು ಹೊತ್ತು ಅವಳಿಗೆ ಗಾಳಿ, ಆಕಾಶ, ಎದುರು ಸಿಕ್ಕವರ ಮುಖ. ಇಡೀ ಹಗಲನ್ನು ಅವಳು ಆ ಹೊತ್ತಿನ ಆಸೆಯಿಂದಲೇ ಕಳೆಯುತ್ತಿದ್ದಳು.

ಹಾಗಿರುವಾಗ ಎರಡನೇ ಮಹಡಿಯ ಅಜ್ಜಿ ಮೆಟ್ಟಿಲಿನಲ್ಲಿ ಬಿದ್ದು ಮಣಿಕಟ್ಟು ಮುರಿದುಕೊಂಡರು. ಬೆಳಕು ಸಾಲದೆ ಬಿದ್ದೆ ಎಂದರು. ಕಟ್ಟಡದ ನಿವಾಸಿಗಳ ಸಂಘಕ್ಕೆ ಲೆಕ್ಕದ ಮೇಡಂ ಕಾರ್ಯದರ್ಶಿ. ನಿವೃತ್ತಿಯಾಗಿ ವರ್ಷಗಳಾದರೂ ಇನ್ನೂ ಕೈಯಲ್ಲಿ ಸೀಮೆಸುಣ್ಣ ಹಿಡಿದ ಹಾಗೆಯೇ ಮಾತನಾಡುವವರು. ಅವರು ಕೆಳಗಿನ ಬಾಗಿಲಿಗೆ ಒಂದು ಚೀಟಿ ಅಂಟಿಸಿದರು: ಮೆಟ್ಟಿಲಿಗೆಲ್ಲ ಹೊಸ ಬಿಳಿ ದೀಪ ಹಾಕಿಸುವ ಯೋಚನೆಯಿದೆ, ಮುಂದಿನ ತಿಂಗಳ ಸಭೆಯಲ್ಲಿ ತೀರ್ಮಾನ.

ಜಡ್ಜ್ ಏದುಸಿರು ಬಿಡುತ್ತಾ ಮೇಲೆ ಬಂದು ಬಣ್ಣದಕ್ಕನಿಗೆ ವಿಷಯ ಹೇಳಿದರು. ಮೆಟ್ಟಿಲಿಗೆ ಬಿಳಿ ದೀಪ ಬಂದರೆ ಆ ಕಾಲುವೆಯೂ ಇಲ್ಲ, ಮರವೂ ಇಲ್ಲ. ಹೊಸಿಲೇ ಅವಳ ಪ್ರಪಂಚದ ಕೊನೆ.

"ಇದಕ್ಕೇನಂತೆ, ಮೇಡಂಗೆ ನಿನ್ನ ಕಾಯಿಲೆ ವಿಷಯ ಹೇಳಿಬಿಡ್ತೀನಿ. ಮುಗೀತಲ್ಲ," ಎಂದರು ಜಡ್ಜ್.

"ಹೇಳಿ ನೋಡಿ, ಆಮೇಲೆ ಗೊತ್ತಾಗುತ್ತೆ."

"ಯಾಕೆ? ನೀನೇನು ಕಳ್ಳತನ ಮಾಡಿದೀಯಾ?"

"ಮಾಡಿಲ್ಲ. ಆದ್ರೂ ಬೇಡ. ನಾನು ಎಷ್ಟು ಜನರದ್ದು ಮುಚ್ಚಿದೀನಿ ಈ ಕೈಲಿ. ನನ್ನದೊಂದು ಮುಚ್ಚಿಟ್ಟುಕೊಳ್ಳೋ ಹಕ್ಕು ನನಗಿಲ್ವಾ? ಮೆಟ್ಟಿಲು ಇಳಿಯುವಾಗಲೆಲ್ಲ ಪ್ರತಿ ಬಾಗಿಲಲ್ಲೂ 'ಅಯ್ಯೋ ಪಾಪ' ಅನ್ನಿಸಿಕೊಂಡು ಓಡಾಡೋ ಬದಲು ಒಳಗೇ ಕೂತಿರ್ತೀನಿ. ಆಣೆ ಮಾಡಿ, ನನ್ನ ಹೆಸರು ಎತ್ತಲ್ಲ ಅಂತ."

ಜಪ್ಪಯ್ಯ ಎಂದರೂ ಅವಳು ಜಗ್ಗಲಿಲ್ಲ. ಜಡ್ಜ್ ಆಣೆ ಮಾಡಿದರು. ಅಲ್ಲಿಂದ ಅವರ ವಕೀಲಿಕೆ ಶುರುವಾಯಿತು.

ಹೆಂಡತಿಯ ಹೆಸರೆತ್ತದೆ ಬುರುಡೆ ಬಲ್ಬಿನ ಪರವಾಗಿ ವಾದಿಸಬೇಕು. ಹೇಗೆ? ಒಂದು ಹಲಗೆಗೆ ಎರಡು ಬಲ್ಬು ಕೂರಿಸಿದರು, ಒಂದು ಹಳದಿ, ಒಂದು ಬಿಳಿ. ಅದನ್ನು ಚೀಲದಲ್ಲಿ ಹಾಕಿಕೊಂಡು ಮೊದಲು ಕಟ್ಟಡದವರಿಗೆ ತೋರಿಸಿದರು. ಅಲ್ಲಿ ಸೊಪ್ಪು ಹಾಕುವವರಿಲ್ಲದಿದ್ದಾಗ ಹೊರಗಿನವರ ಬೆಂಬಲ ಬೇಕೆಂದು ಗ್ರಂಥಾಲಯಕ್ಕೆ ಹೋದರು, ಶಾಲೆಗೆ ಹೋದರು, ಪಿಂಚಣಿದಾರರ ಕೂಟಕ್ಕೆ ಹೋದರು. ಜೀವನದಲ್ಲಿ ಮೊದಲ ಬಾರಿಗೆ ನಿಂತುಕೊಂಡು ಮಾತನಾಡಿದರು. ಭಾಷಣ ಬರೆದುಕೊಟ್ಟವಳು ಬಣ್ಣದಕ್ಕನೇ. "ಈ ಬಿಳಿ ಬೆಳಕಲ್ಲಿ ಊಟದ ತಟ್ಟೆ ನೋಡಿ, ಆಸ್ಪತ್ರೇದು ಅನ್ನಿಸುತ್ತೆ. ಈಗ ಹಳದಿ ಬೆಳಕಲ್ಲಿ ನೋಡಿ, ಅಮ್ಮ ಬಡಿಸಿದ್ದು ಅನ್ನಿಸುತ್ತೆ," ಎಂದು ಸ್ವಿಚ್ ಒತ್ತಿದರೆ ಜನ ಚಪ್ಪಾಳೆ ತಟ್ಟುತ್ತಿದ್ದರು. "ಈ ಬೆಳಕಿನ ಕೆಳಗೆ ಗಂಡಹೆಂಡ್ತಿಗೆ ಜಗಳ ಆಡೋಕೆ ಮನಸ್ಸೇ ಬರಲ್ಲ" ಎಂಬ ಸಾಲನ್ನು ಮಾತ್ರ ಅವರೇ ಸೇರಿಸಿಕೊಂಡಿದ್ದರು. ಅದನ್ನು ಕೇಳಿ ಬಣ್ಣದಕ್ಕ ಬಿದ್ದುಬಿದ್ದು ನಕ್ಕಳು. ಆ ಬೆಳಗ್ಗೆಯಷ್ಟೇ ಹಾಲು ಉಕ್ಕಿಸಿದ್ದು ಯಾರು ಎಂದು ಅದೇ ಬೆಳಕಿನ ಕೆಳಗೆ ಇಬ್ಬರೂ ಕಿತ್ತಾಡಿದ್ದರು.

ಜನ ಬರುತ್ತಿದ್ದದ್ದು ಬಲ್ಬು ನೋಡಲಿಕ್ಕಲ್ಲ, ಸಿನಿಮಾದ ಮುಖ ನೋಡಲಿಕ್ಕೆ. ಫೋಟೋ ತೆಗೆಸಿಕೊಂಡು, ಒಂದು ಸಲ "ಆರ್ಡರ್, ಆರ್ಡರ್" ಎನ್ನಿಸಿ ಕಳಿಸುತ್ತಿದ್ದರು. ಹಳೇ ಕಾಲದವರಿಗೆ ಹಳೇ ಕಾಲದ ಗೀಳು ಎಂದು ಬೆನ್ನ ಹಿಂದೆ ನಗುತ್ತಿದ್ದರು. ಜಡ್ಜ್ ತಲೆಕೆಡಿಸಿಕೊಳ್ಳಲಿಲ್ಲ. ಕರೆದಲ್ಲಿಗೆಲ್ಲ ಹೋದರು. ಕರೆಯುತ್ತಿದ್ದದ್ದೋ, ಎಲ್ಲರಿಗೂ ಬಿಡುವಿರುವ ಸಂಜೆಯ ಹೊತ್ತಿಗೆ.

ಬಣ್ಣದಕ್ಕ ಕಾಲುವೆಯ ದಂಡೆಯ ಮೇಲೆ ಒಬ್ಬಳೇ ನಡೆಯತೊಡಗಿದಳು. ತನ್ನ ಸಂಜೆಯನ್ನು ಉಳಿಸಲು ಹೊರಟ ಮನುಷ್ಯ ತನ್ನ ಸಂಜೆಗಳನ್ನೆಲ್ಲ ಚೀಲಕ್ಕೆ ಹಾಕಿಕೊಂಡು ಹೊರಟುಹೋಗಿದ್ದರು. ಅವಳಿಗೆ ಸಿಟ್ಟು ಬರುತ್ತಿತ್ತು, ಅಳುವೂ ಬರುತ್ತಿತ್ತು. ಯಾರ ಮೇಲೆ ಸಿಟ್ಟು ಮಾಡುವುದು? ಎಲ್ಲ ತನಗೋಸ್ಕರವೇ. ಒಬ್ಬಳೇ ಮೇಲೆ ಬಂದು, ಇಬ್ಬರ ಊಟ ಮುಚ್ಚಿಟ್ಟು, ಬಾಗಿಲ ಕಡೆ ಕಿವಿಯಿಟ್ಟು ಕೂರುತ್ತಿದ್ದಳು.

ಸಂಘದ ಸಭೆಗೆ ಇನ್ನೇನು ಕೆಲವೇ ದಿನ ಇರುವಾಗ ಟಿವಿಯವರು ಕರೆದರು. ಹಳೆಯ ಬಲ್ಬೋ ಹೊಸ ದೀಪವೋ ಎಂಬ ಚರ್ಚೆ, ನೇರ ಪ್ರಸಾರ. ಜಡ್ಜ್ ಹುಡುಗನಂತಾದರು. "ಮೇಡಂ ನೋಡೇ ನೋಡ್ತಾರೆ. ಇಡೀ ಕಟ್ಟಡ ನೋಡುತ್ತೆ. ಇದೊಂದು ಚೆನ್ನಾಗಿ ಆಗಿಬಿಟ್ರೆ ಭಾನುವಾರ ಸಭೆಯಲ್ಲಿ ನಮ್ಮ ಮಾತಿಗೆ ಎದುರಿಲ್ಲ ನೋಡು."

"ಮೇಕಪ್ ಯಾರು ಮಾಡ್ತಾರೆ?"

"ಅಲ್ಲಿ ಯಾರೋ ಇರ್ತಾರಂತೆ."

"ಯಾರೋ ಬಂದು ನಿಮ್ಮ ಮುಖಕ್ಕೆ ಸುಣ್ಣ ಬಳೀಲಿ ಅಂತಲಾ? ನಾನಿನ್ನೂ ಬದುಕಿದೀನಿ. ಕೂತ್ಕೊಳ್ಳಿ."

ಪೆಟ್ಟಿಗೆಯಲ್ಲಿದ್ದ ಹಳೆಯ ಬಣ್ಣವೆಲ್ಲ ಒಣಗಿ ಬಿರುಕು ಬಿಟ್ಟಿತ್ತು. ಅವರನ್ನೇ ಅಂಗಡಿಗೆ ಓಡಿಸಿ ಹೊಸದು ತರಿಸಿದಳು. ಅಡುಗೆಮನೆಯ ಬಲ್ಬಿನ ಕೆಳಗೆ ಕುರ್ಚಿ ಹಾಕಿಸಿ, ಅವರ ಕುತ್ತಿಗೆಗೆ ಟವೆಲು ಸುತ್ತಿದಳು. ಎಷ್ಟೋ ವರ್ಷಗಳ ಮೇಲೆ ಆ ಮುಖ ಮತ್ತೆ ಅವಳ ಕೈಗೆ ಬಂದಿತ್ತು. ಮೂಗಿನ ಪಕ್ಕದ ಗೆರೆ ಆಳವಾಗಿತ್ತು, ಕಣ್ಣಿನ ಕೆಳಗೆ ಚೀಲ ಇಳಿದಿತ್ತು. ಈ ಮುಪ್ಪು ತಾನು ಬಳಿದದ್ದಲ್ಲ, ತಾನಾಗಿಯೇ ಬಂದದ್ದು. ಅವಳ ಬೆರಳುಗಳು ಏನನ್ನೂ ಮರೆತಿರಲಿಲ್ಲ. ಹಣೆ, ಕೆನ್ನೆ, ಗಲ್ಲ, ಕಿವಿಯ ಹಿಂದಿನವರೆಗೂ ಹದವಾಗಿ ಎಳೆದಳು. ಕೆನ್ನೆಗೆ ಕೆಂಪು ಸಾಲದು ಅನ್ನಿಸಿ ಇನ್ನೊಂದಿಷ್ಟು ತೀಡಿದಳು. ತಾನು ಏನೋ ಗುನುಗುತ್ತಿದ್ದೇನೆ ಎಂಬುದು ಅವಳಿಗೇ ತಿಳಿದಿರಲಿಲ್ಲ. ಜಡ್ಜ್ ಕಣ್ಣು ಮುಚ್ಚಿ ಕೂತಿದ್ದರು, ಉಸಿರಾಟ ಕೂಡ ನಿಧಾನವಾಗಿತ್ತು.

"ಆಯ್ತು, ಏಳಿ. ಯಾವ ನಾಯಕನೂ ಬೇಡ, ನೀವೇ ಸಾಕು," ಎಂದಳು. ನಿಜವಾಗಿಯೂ ಆ ಬೆಳಕಿನಲ್ಲಿ ಅವರು ಚೆಂದ ಕಾಣುತ್ತಿದ್ದರು.

ಟಿವಿಯ ಬೆಳಕೂ ಅವಳಿಗೆ ಆಗದು. ಅದಕ್ಕೆಂದು ಪರದೆಯ ಮೇಲೆ ದಪ್ಪ ಟವೆಲು ಇಳಿಬಿಟ್ಟು, ರೇಡಿಯೋ ಕೇಳಿದ ಹಾಗೆ ಕೇಳುವುದು ಅವಳ ರೂಢಿ. ಆ ಸಂಜೆಯೂ ಹಾಗೆಯೇ ಕೂತಳು. ಗಂಡನ ದನಿ ಬಂತು, ತಡವರಿಸಲಿಲ್ಲ, ಗಟ್ಟಿಯಾಗಿಯೇ ಶುರುಮಾಡಿದರು. ಆಸ್ಪತ್ರೆ ತಟ್ಟೆಯ ಮಾತು ಬರುವಷ್ಟರಲ್ಲಿ ಯಾರೋ ಕಿಸಕ್ಕೆಂದರು. ಆಮೇಲೆ ಇನ್ನೊಬ್ಬರು. ನಿರೂಪಕ ನಗು ತಡೆದುಕೊಂಡು ಕೇಳಿದ:

"ಮಹಾಸ್ವಾಮಿ, ತಪ್ಪು ತಿಳೀಬೇಡಿ. ಹಳೇ ಬಲ್ಬಿನ ಕೆಳಗೆ ಜಾಸ್ತಿ ದಿನ ಕೂತ್ರೆ ಎಲ್ಲರ ಮುಖಾನೂ ಹೀಗೇ ಬೆಂದು ಹೋಗುತ್ತಾ?"

"ಇಟ್ಟಿಗೆ ಗೂಡಿಂದ ಸೀದಾ ಬಂದ ಹಾಗಿದೆ," ಎಂದರು ಎದುರು ಕಡೆಯ ಅತಿಥಿ. ನಗು ಭೋರ್ಗರೆಯಿತು.

ಬಣ್ಣದಕ್ಕನಿಗೆ ತಕ್ಷಣ ಅರ್ಥವಾಯಿತು. ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಹಳದಿ ಬೆಳಕಿನ ಕೆಳಗೆ ಕೆಂಪು ಎದ್ದು ಕಾಣುವುದಿಲ್ಲ, ಆದ್ದರಿಂದ ಹಚ್ಚುವ ಕೈ ತಾನಾಗಿ ಹೆಚ್ಚು ಹಚ್ಚುತ್ತದೆ. ಅದೇ ಮುಖವನ್ನು ಬಿಳಿ ಬೆಳಕಿಗೆ ಕೂರಿಸಿದರೆ ಎಲ್ಲವೂ ರಾಚುತ್ತದೆ. ಮುಖ ನೋಡೋಕೆ ಮುಂಚೆ ದೀಪ ನೋಡು ಎಂದು ಬಂದ ಬಂದ ಶಿಷ್ಯೆಯರ ಕಿವಿ ಹಿಂಡಿ ಮೊದಲ ದಿನವೇ ಕಲಿಸುತ್ತಿದ್ದವಳು ಅವಳು. ವರ್ಷಗಟ್ಟಲೆ ಒಂದೇ ಬೆಳಕಿನಲ್ಲಿ ಬದುಕಿ, ಜಗತ್ತಿನಲ್ಲಿ ಬೇರೆ ಬೆಳಕಿದೆ ಎಂಬುದನ್ನೇ ಮರೆತುಬಿಟ್ಟಿದ್ದಳು.

ಎದ್ದು ಹೋಗಿ ಟವೆಲಿನ ತುದಿ ಎತ್ತಿದಳು. ಒಂದೇ ಒಂದು ಕ್ಷಣ. ಮುಖ ಪೂರ್ತಿ ಇಟ್ಟಿಗೆಯ ಬಣ್ಣ, ಕೆನ್ನೆಯ ಮೇಲೆ ಎರಡು ಕಡುಗೆಂಪು ಉಂಡೆ, ಕಿವಿಯ ಬಳಿ ಬಣ್ಣ ನಿಂತ ಗೆರೆ. ಅದರ ನಡುವೆ ಅವಳ ಗಂಡ ಬೆನ್ನು ನೆಟ್ಟಗೆ ಮಾಡಿ, ಕೋರ್ಟಿನ ಗಾಂಭೀರ್ಯದಿಂದ ಮುಗುಳ್ನಗುತ್ತಾ ಕೂತಿದ್ದರು. ಬಣ್ಣದಕ್ಕ ಟವೆಲು ಬಿಟ್ಟು ಅಲ್ಲೇ ನೆಲದ ಮೇಲೆ ಕುಳಿತು ಅತ್ತಳು.

ಊಟದ ಹೊತ್ತಿಗೆ ಜಡ್ಜ್ ಬಂದರು. ಮುಖ ತೊಳೆದುಕೊಂಡಿದ್ದರು. ಅಂಗಿಯ ಕಾಲರು ಒದ್ದೆಯಾಗಿ ಕೆಂಪಗಾಗಿತ್ತು.

"ಹೇಗಾಯ್ತು?" ಎಂದಳು.

"ಭಾರಿ ಚೆನ್ನಾಗಾಯ್ತು. ಎಲ್ಲರೂ ಕೇಳಿದ್ದೇ ಕೇಳಿದ್ದು, ಮೇಕಪ್ ಯಾರದ್ದು ಅಂತ. ನೀನು ಕೇಳಿಸ್ಕೊಂಡ್ಯಾ?"

"ಇಲ್ಲ ಕಣ್ರೀ. ತಲೆನೋವು ಬಂತು, ಮಲಗಿಬಿಟ್ಟಿದ್ದೆ."

"ಒಳ್ಳೇದಾಯ್ತು ಬಿಡು. ಅದೇ ಭಾಷಣ ತಾನೇ, ನೀನೇ ಬರೆದಿದ್ದು."

ಇಬ್ಬರೂ ಉಂಡರು. ಅವರು ಎರಡು ಸಲ ಬಡಿಸಿಕೊಂಡು ಊಟ ರುಚಿಯಾಗಿದೆ ಎಂದರು. ಅವರ ಅಷ್ಟು ವರ್ಷಗಳ ನಟನೆಯಲ್ಲಿ ಆ ಊಟದಷ್ಟು ಚೆನ್ನಾಗಿ ಯಾವುದನ್ನೂ ಅವರು ಅಭಿನಯಿಸಿರಲಿಲ್ಲ. ಅವಳೇನು ಕಮ್ಮಿಯೇ? ಅವಳೂ ನಂಬಿದ ಹಾಗೆ ತಲೆಯಾಡಿಸಿದಳು.

ಮಾರನೆಯ ಮಧ್ಯಾಹ್ನ, ಜಡ್ಜ್ ಮನೆಯಲ್ಲಿಲ್ಲದಾಗ, ಒಬ್ಬ ಹೆಂಗಸು ಬಾಗಿಲು ತಟ್ಟಿದಳು. ಹಿಂದೆ ಬಣ್ಣದಕ್ಕನ ಹತ್ತಿರವೇ ಕೆಲಸ ಕಲಿತ ಶಿಷ್ಯೆ. ಈಗ ಅದೇ ಟಿವಿಯಲ್ಲಿ ಮೇಕಪ್ ವಿಭಾಗಕ್ಕೆ ಸೇರಿದ್ದಳಂತೆ. ಒಳಗೆ ಬಂದವಳೇ ಕಣ್ಣೀರು ಹಾಕಿದಳು.

"ಅಕ್ಕಾ, ನನ್ನ ಮೇಲೆ ಬೇಜಾರು ಮಾಡ್ಕೋಬೇಡಿ. ನಾನು ಅವರನ್ನ ಹಾಗೆ ಕೂರಿಸ್ತಿರಲಿಲ್ಲ. ಅಣ್ಣ ಬಂದ ತಕ್ಷಣ ನೋಡಿದೆ, ಗಾಬರಿಯಾಯ್ತು. ಕನ್ನಡಿ ಮುಂದೆ ಕೂರಿಸಿ, ಅಣ್ಣಾ, ಒರೆಸಿ ಹೊಸದಾಗಿ ಹಾಕ್ತೀನಿ, ಕಣ್ಣು ಮುಚ್ಚಿ ತೆಗೆಯೋದ್ರೊಳಗೆ ಆಗುತ್ತೆ ಅಂದೆ. ಅವರು ಕನ್ನಡಿ ನೋಡಿದ್ರು. ತುಂಬಾ ಹೊತ್ತು ನೋಡಿದ್ರು. ಆಮೇಲೆ ನನ್ನ ಕೈ ಹಿಡಿದು ತಡೆದ್ರು. ಚೆನ್ನಾಗಿದೆ, ಇರಲಿ ಬಿಡಮ್ಮ ಅಂದ್ರು. ಅವರಿಗೆ ಗೊತ್ತಾಗಲಿಲ್ವೋ ಏನೋ ಅಂದ್ಕೊಂಡೆ."

ಬಣ್ಣದಕ್ಕ ಎದ್ದು ಒಲೆ ಹಚ್ಚಿದಳು. ಚಹಾ ಮಾಡಿ ಕೊಟ್ಟಳು, ಮಕ್ಕಳ ವಿಷಯ ಕೇಳಿದಳು, ಕಳಿಸಿಕೊಟ್ಟಳು. ಬಾಗಿಲು ಹಾಕಿಕೊಂಡ ಮೇಲೆ ಅದಕ್ಕೇ ಒರಗಿ ನಿಂತಳು. ಗೊತ್ತಾಗದೆ ಏನು! ಬದುಕೆಲ್ಲ ಕನ್ನಡಿಯ ಮುಂದೆ ಕಳೆದ ಮನುಷ್ಯ. ಗೊತ್ತಿದ್ದೂ ಹೋಗಿ ಕೂತರು, ಗೊತ್ತಿದ್ದೂ ನಗಿಸಿಕೊಂಡರು. ಯಾಕೆ? ಪಾಪ, ಕಾಯಿಲೆಯವಳು, ಅವಳ ಮನಸ್ಸು ನೋಯುತ್ತದೆ ಎಂದು. ಬೇರೆ ಏನಿದ್ದೀತು? ಮೆಟ್ಟಿಲ ಬಾಗಿಲುಗಳಲ್ಲಿ ಕೇಳಬಾರದು ಎಂದುಕೊಂಡಿದ್ದ 'ಅಯ್ಯೋ ಪಾಪ' ತನ್ನ ಮನೆಯೊಳಗೇ ಇದೆ ಅನ್ನಿಸಿ ಅವಳ ಮನಸ್ಸು ಮುದುಡಿಹೋಯಿತು.

ಆ ನಗುವಿನ ತುಣುಕು ಮೊಬೈಲಿನಿಂದ ಮೊಬೈಲಿಗೆ ಹಬ್ಬಿತು. ಮೆಟ್ಟಿಲಲ್ಲಿ ಮಕ್ಕಳು 'ಇಟ್ಟಿಗೆ ತಾತ' ಎಂದು ಕೂಗಿ ಓಡಿಹೋಗುವುದು ನಾಲ್ಕನೇ ಮಹಡಿಗೂ ಕೇಳುತ್ತಿತ್ತು. ಜಡ್ಜ್ ಬಂದವರೇ ಮಕ್ಕಳಿಗೆ ಪರೀಕ್ಷೆ ಮುಗಿದಿರಬೇಕು, ಬಲು ಖುಷಿಯಲ್ಲಿವೆ ಎನ್ನುತ್ತಿದ್ದರು. ಭಾನುವಾರದ ಸಭೆಗೆಂದು ಅದೇ ಹಲಗೆ ಒರೆಸಿಟ್ಟುಕೊಂಡರು, ಅದೇ ಭಾಷಣ ಉರುಹೊಡೆದರು. ಆ ಸಭೆಯಲ್ಲಿ ಈ ಭಾಷಣ ಏನಾಗುತ್ತದೆ ಎಂಬುದು ಬಣ್ಣದಕ್ಕನಿಗೆ ಗೊತ್ತಿತ್ತು. ಬಾಯಿ ತೆರೆಯುವ ಮೊದಲೇ ಜನ ನಗುತ್ತಾರೆ. ತಾನು ಮುಚ್ಚಿಟ್ಟುಕೊಂಡು ಕೂತರೆ ತನ್ನ ಬದಲಿಗೆ ಅವರು ಆ ನಗುವಿಗೆ ಮುಖ ಕೊಡಬೇಕು. ಇಷ್ಟು ದಿನ ಆದದ್ದೂ ಅದೇ.

ಶನಿವಾರ ಅವಳು ಲೆಕ್ಕದ ಮೇಡಂಗೆ ಫೋನು ಮಾಡಿದಳು. "ಮೇಡಂ, ನಾಳೆ ಸಭೆ ಕೆಳಗಿನ ಕೋಣೆಯಲ್ಲಿ ಬೇಡ, ನಮ್ಮ ಮನೇಲಿ ಇಟ್ಕೊಳ್ಳಿ. ನಾನೂ ಮಾತಾಡಬೇಕು. ಅಲ್ಲಿಗೆ ನನಗೆ ಬರೋಕಾಗಲ್ಲ."

"ಯಾಕಮ್ಮ ಬರೋಕಾಗಲ್ಲ?"

"ಅದನ್ನೇ ಹೇಳಬೇಕಾಗಿರೋದು."

ಭಾನುವಾರ ಸಂಜೆ ಮನೆ ತುಂಬಿತು. ಕುರ್ಚಿ ಸಾಲದೆ ಮಂಚದ ಮೇಲೆ, ನೆಲದ ಮೇಲೆ, ಅಡುಗೆಮನೆಯ ಬಾಗಿಲಲ್ಲಿ ಜನ. ಎರಡನೇ ಮಹಡಿಯ ಅಜ್ಜಿ ಕೈಗೆ ಕಟ್ಟಿದ ಪಟ್ಟಿಯ ಸಮೇತ ಬಂದು ಒಳ್ಳೆಯ ಕುರ್ಚಿ ಹಿಡಿದಿದ್ದರು. ಜಡ್ಜರನ್ನು ಕಂಡು ಒಂದಿಬ್ಬರು ಬಾಯಿಗೆ ಕೈ ಅಡ್ಡ ಹಿಡಿದರು. ಜಡ್ಜ್ ಎದ್ದು ನಿಂತು, ಗಂಟಲು ಸರಿಮಾಡಿಕೊಂಡು, "ಮಾನ್ಯರೇ" ಎಂದರು.

"ನೀವು ಕೂತ್ಕೊಳ್ಳಿ," ಎಂದಳು ಬಣ್ಣದಕ್ಕ.

"ಅಲ್ಲ ಕಣೇ, ಭಾಷಣ..."

"ಇವತ್ತು ಭಾಷಣ ಇಲ್ಲ. ಕೂತ್ಕೊಳ್ಳಿ."

ಜಡ್ಜ್ ಕೂತರು. ಬಣ್ಣದಕ್ಕ ನಿಂತಳು. ಸೆರಗಿನ ತುದಿಯನ್ನು ಗಟ್ಟಿಯಾಗಿ ಹಿಡಿದುಕೊಂಡಳು.

"ನನಗೊಂದು ಕಾಯಿಲೆ ಇದೆ. ಬಿಸಿಲು ಆಗಲ್ಲ, ಬಿಳಿ ದೀಪ ಆಗಲ್ಲ. ಮೈ ಸುಡುತ್ತೆ. ಸೋಕಿದ ಮೇಲೆ ಏಳೋಕೆ ದಿನಗಟ್ಟಲೆ ಬೇಕು. ಅದಕ್ಕೇ ನಾನು ನಿಮ್ಮ ಮನೆಗಳಿಗೆ ಬರಲ್ಲ, ಕರೆದ್ರೂ ಬರಲ್ಲ. ಜಂಬದವಳು ಅಂತ ನೀವು ಅಂದ್ಕೊಂಡಿರ್ತೀರಿ. ಅಂದ್ಕೊಳ್ಳಲಿ ಅಂತ ನಾನೇ ಬಿಟ್ಟಿದ್ದೆ. ಮೆಟ್ಟಿಲಿಗೆ ಬಿಳಿ ದೀಪ ಬಂದ್ರೆ ನಾನು ಈ ಬಾಗಿಲು ದಾಟೋ ಹಾಗಿಲ್ಲ. ನನ್ನ ಯಜಮಾನರು ಊರೆಲ್ಲ ತಿರುಗಿ ಹೇಳಿದ್ದು ಅದಕ್ಕೇ. ನನ್ನ ಹೆಸರು ಎತ್ತಬೇಡಿ ಅಂತ ನಾನು ಆಣೆ ಹಾಕ್ಸಿದ್ದೆ, ಎತ್ತಲಿಲ್ಲ. ಟಿವೀಲಿ ನೀವೆಲ್ಲ ನೋಡಿ ನಕ್ಕಿದ್ದು ಅವರ ಮುಖ ಅಲ್ಲ, ನನ್ನ ಕೆಲಸ. ನಾನು ಹಾಕಿದ ಬಣ್ಣ ಅದು. ಈ ಬೆಳಕಲ್ಲಿ ಹಾಕಿದೆ, ಆ ಬೆಳಕಲ್ಲಿ ಕೆಟ್ಟು ಹೋಯ್ತು. ನಗೋದಿದ್ರೆ ನನ್ನ ನೋಡಿ ನಗಿ."

ಯಾರೂ ನಗಲಿಲ್ಲ. ಲೆಕ್ಕದ ಮೇಡಂ ಕನ್ನಡಕ ತೆಗೆದು ಸೀರೆಗೆ ಒರೆಸಿದರು, ಮತ್ತೆ ಹಾಕಿಕೊಂಡರು, ಮತ್ತೆ ತೆಗೆದರು.

"ಮೊದಲೇ ಹೇಳಬಾರದಿತ್ತೇನಮ್ಮ?" ಎಂದರು ಕೊನೆಗೆ. "ಆದ್ರೆ ನನ್ನ ಕಷ್ಟಾನೂ ನೋಡಿ. ಅಜ್ಜಿ ಬಿದ್ದು ಕೈ ಮುರ್ಕೊಂಡಿದಾರೆ. ನಾಳೆ ಇನ್ನೊಬ್ಬರು ಬಿದ್ರೆ ಜವಾಬ್ದಾರಿ ಯಾರದ್ದು? ಅದನ್ನ ಹೇಗೆ ಬಿಡಲಿ?"

ಅದೂ ನ್ಯಾಯವಾದ ಮಾತೇ. ಅಷ್ಟರಲ್ಲಿ ಒಳ್ಳೆಯ ಕುರ್ಚಿಯಿಂದ ಕೆಮ್ಮು ಕೇಳಿಸಿತು.

"ನೋಡೀಮ್ಮಾ," ಎಂದರು ಅಜ್ಜಿ, "ಬಣ್ಣದಕ್ಕ ಇಷ್ಟು ಹೇಳಿದ ಮೇಲೆ ನಾನೂ ಹೇಳಿಬಿಡ್ತೀನಿ. ನಾನು ಬಿದ್ದಿದ್ದು ಬೆಳಕು ಕಮ್ಮಿಯಾಗಿ ಅಲ್ಲ. ಕನ್ನಡಕ ಹಾಕಿರಲಿಲ್ಲ."

"ಯಾಕಜ್ಜಿ?"

"ನನ್ನ ಮುಖಕ್ಕೆ ಅದು ಒಪ್ಪಲ್ಲ."

ಆಗ ನಕ್ಕರು ನೋಡಿ, ಹೊಟ್ಟೆ ಹಿಡಿದುಕೊಂಡು ನಕ್ಕರು. ಮೇಡಂ ಕೂಡ ನಕ್ಕರು. ಅಜ್ಜಿಯ ಮಗ ಮಾತ್ರ ತಲೆ ಚಚ್ಚಿಕೊಂಡ. ಎಷ್ಟೋ ಹೊತ್ತಿನ ಮೇಲೆ ಸಭೆ ಮತ್ತೆ ಹಳಿಗೆ ಬಂತು. ಬುರುಡೆ ಬಲ್ಬು ಸಿಗುವಷ್ಟು ದಿನ ಮೆಟ್ಟಿಲಲ್ಲಿ ಅದೇ ಇರಲಿ, ತಿರುವುಗಳಲ್ಲಿ ಒಂದಿದ್ದ ಕಡೆ ಎರಡು ಹಾಕಿಸೋಣ, ಮೆಟ್ಟಿಲ ಅಂಚಿಗೆ ಬಿಳಿ ಪಟ್ಟಿ ಬಳಿಸೋಣ ಎಂದು ಮೇಡಂ ತೀರ್ಮಾನ ಬರೆದರು. ಸಿಗದೇ ಹೋದ ದಿನ ಏನು ಎಂದು ಯಾರೋ ಕೇಳಿದರು. ಆವತ್ತು ಎಲ್ಲರೂ ಕೂತು ಯೋಚಿಸೋಣ, ಇವತ್ತೇ ಯಾಕೆ ತಲೆಬಿಸಿ ಎಂದರು ಮೇಡಂ. ಹೊರಡುವಾಗ ಒಬ್ಬೊಬ್ಬರೂ ಬಣ್ಣದಕ್ಕನಿಗೆ ಏನಾದರೊಂದು ಹೇಳಿ ಹೋದರು. ಒಂದಿಬ್ಬರು 'ಅಯ್ಯೋ ಪಾಪ' ಎಂದದ್ದೂ ಉಂಟು. ಕೇಳಿಸಿಕೊಂಡಳು. ಅಂದುಕೊಂಡಷ್ಟು ನೋಯಲಿಲ್ಲ.

ಮನೆ ಖಾಲಿಯಾದಾಗ ಹೊರಗೆ ಬಿಸಿಲು ಪೂರ್ತಿ ಇಳಿದಿತ್ತು. ಇಬ್ಬರೂ ಚಪ್ಪಲಿ ಮೆಟ್ಟಿ ಹೊರಟರು. ಒಟ್ಟಿಗೆ ಹೊರಟು ಎಷ್ಟೋ ದಿನಗಳಾಗಿತ್ತು. ಮೂರನೇ ಮಹಡಿಯ ತಿರುವಿನಲ್ಲಿ, ಬಲ್ಬಿನ ಕೆಳಗೆ, ಅವಳು ನಿಂತುಬಿಟ್ಟಳು.

"ನನ್ನ ಶಿಷ್ಯೆ ಬಂದಿದ್ಲು. ಎಲ್ಲ ಹೇಳಿದ್ಲು. ಕನ್ನಡಿ ನೋಡಿದ್ರಂತೆ."

ಜಡ್ಜ್ ಗೋಡೆಯ ಕಡೆ ನೋಡಿದರು.

"ನಿಮಗೆ ಗೊತ್ತಾಗಿತ್ತು ಅಲ್ವಾ?"

"ಗೊತ್ತಾಗದೆ ಏನು."

"ಮತ್ತೆ ಯಾಕೆ ಹಾಗೇ ಹೋಗಿ ಕೂತ್ರಿ? ನನ್ನ ಮೇಲೆ ಕನಿಕರ ಬಂತಾ? ನಿಜ ಹೇಳಿ. ನಾನು ಯಾರ ಕನಿಕರ ಬೇಕಾದ್ರೂ ತಡ್ಕೊತೀನಿ ಕಣ್ರೀ, ನಿಮ್ಮದು ಮಾತ್ರ ಆಗಲ್ಲ."

ಬರೆದುಕೊಟ್ಟ ಮಾತು ಇರಲಿಲ್ಲ. ಜಡ್ಜ್ ಕಟಕಟೆಯಲ್ಲಿ ನಿಂತವರ ಹಾಗೆ ಮೆಟ್ಟಿಲ ಕಂಬಿ ಹಿಡಿದುಕೊಂಡರು.

"ಕನಿಕರ ಅಲ್ವೇ," ಎಂದರು. "ಅದು... ದುರಾಸೆ ಕಣೇ."

"ದುರಾಸೆನಾ?"

"ಎಷ್ಟು ವರ್ಷ ಆಗಿತ್ತು, ನೀನು ನನ್ನ ಮುಖ ಮುಟ್ಟಿ. ಹಾಗೆ, ಪೂರ್ತಿ... ಕೆಲಸ ಮಾಡುವಾಗ ಮುಟ್ಟೋ ಥರ. ಕಾಯಿಲೆ ಬಂದ ಮೇಲೆ ನೀನು ಕೈ ಹಿಂದಕ್ಕೇ ತಗೊಂಡುಬಿಟ್ಟೆ. ನಾನೂ ಕೇಳಲಿಲ್ಲ. ಆವತ್ತು ನೀನು ಗುನುಗ್ತಾ ಹಚ್ತಿದ್ದೆ, ನಾನು ಕಣ್ಣು ಮುಚ್ಕೊಂಡು, ಇದು ಮುಗೀದೇ ಇರಲಿ ಅಂತ ಕೂತಿದ್ದೆ. ಅಲ್ಲಿ ಆ ಹುಡುಗಿ ಒರೆಸ್ತೀನಿ ಅಂದಾಗ... ಅಷ್ಟು ಹೊತ್ತು ನಿನ್ನ ಕೈ ಇದ್ದ ಜಾಗ ಅದು. ಒರೆಸೋಕೆ ಬಿಡೋಕಾಗಲಿಲ್ಲ. ನಕ್ಕರೆ ನಗಲಿ ಅಂದ್ಕೊಂಡೆ."

ಬಣ್ಣದಕ್ಕನ ಕಣ್ಣಿಂದ ನೀರು ಇಳಿಯುತ್ತಿತ್ತು. ಅದನ್ನು ಒರೆಸಿಕೊಳ್ಳಬೇಕೆಂದೂ ಅವಳಿಗೆ ಹೊಳೆಯಲಿಲ್ಲ.

"ಆದ್ರೆ ತೊಳ್ಕೊಂಡೇ ಮನೆಗೆ ಬಂದ್ರಲ್ಲ."

"ನೀನು ನೋಡಿ ನೊಂದ್ಕೋಬಾರದು ಅಂತ. ಕೆಳಗೆ ನಲ್ಲಿ ಹತ್ರ ತುಂಬಾ ಹೊತ್ತು ನಿಂತಿದ್ದೆ ಕಣೇ. ಟಿವೀಲಿ ನಗುವಾಗ ಏನೂ ಅನ್ನಿಸಲಿಲ್ಲ. ತೊಳೆಯೋಕೆ ಶುರು ಮಾಡಿದಾಗ ಅಳು ಬಂತು."

ಅವಳು ಕೈ ಚಾಚಿ ಅವರ ಕೆನ್ನೆ ಹಿಡಿದಳು. ಕೆಳಗಿನಿಂದ ಯಾರೋ ಸಾಮಾನು ಹೊತ್ತು ಮೆಟ್ಟಿಲು ಹತ್ತಿ ಬರುವ ಸದ್ದಾಯಿತು. ಜಡ್ಜ್ ಸಂಕೋಚದಿಂದ ಪಕ್ಕಕ್ಕೆ ಸರಿಯಲು ನೋಡಿದರು. ಅವಳು ಕೈ ತೆಗೆಯಲಿಲ್ಲ.